ಅತ್ತೆಯ ಕಾಲಿನ ನಾರು

ನಾರು ಸುತ್ತುವುದನ್ನು ನಾನು ಕಲಿತದ್ದು ಶಾವಿಗೆಯ ಮೇಲೆ.

ನಗಬೇಡಿ. ನಾರು ಅಂದರೆ ನಾರು ಹುಣ್ಣು. ನಮ್ಮ ಕಡೆ ಬೇಸಿಗೆ ಬಂತೆಂದರೆ ಓಣಿಗೆ ಇಬ್ಬರು ಮೂವರಾದರೂ ಕಾಲು ಹಿಡಿದುಕೊಂಡು ಕಟ್ಟೆಯ ಮೇಲೆ ಕೂರುತ್ತಿದ್ದರು. ಮೊದಲು ಹಿಮ್ಮಡಿಯ ಹತ್ತಿರವೋ ಮೀನಖಂಡದ ಮೇಲೋ ಒಂದು ಬೊಕ್ಕೆ ಏಳುತ್ತದೆ. ಕೆಂಡ ಇಟ್ಟ ಹಾಗೆ ಉರಿಯುತ್ತದೆ, ಆಮೇಲೆ ಒಡೆಯುತ್ತದೆ. ಒಡೆದಲ್ಲಿಂದ ಬಿಳಿ ದಾರದಂಥ ಹುಳ ತಲೆ ಹೊರಗೆ ಹಾಕುತ್ತದೆ. ಅದು ಮೊಳಕ್ಕಿಂತ ಉದ್ದ. ಎಳೆದು ಕೀಳುವ ಹಾಗಿಲ್ಲ. ನಡುವೆ ಹರಿಯಿತೋ, ಒಳಗುಳಿದ ತುಂಡು ಕೊಳೆತು ಕಾಲು ಬಾಯುತ್ತದೆ, ಮನುಷ್ಯ ತಿಂಗಳುಗಟ್ಟಲೆ ಮಲಗುತ್ತಾನೆ, ಒಮ್ಮೊಮ್ಮೆ ಏಳುವುದೇ ಇಲ್ಲ. ಅದಕ್ಕೆ ಕಸಬರಿಗೆಯ ಕಡ್ಡಿಯೊಂದಕ್ಕೆ ಹುಳದ ತುದಿ ಸಿಕ್ಕಿಸಿ, ದಿನಕ್ಕೆ ಒಂದು ಬೆರಳಗಲ ಮಾತ್ರ ಸುತ್ತಿ, ಕಡ್ಡಿಯನ್ನು ಕಾಲಿಗೇ ಕಟ್ಟಿಬಿಡಬೇಕು. ಮರುದಿನ ಇನ್ನೊಂದು ಬೆರಳಗಲ. ಹದಿನೈದು ದಿನ, ಇಪ್ಪತ್ತು ದಿನ, ಹುಳಕ್ಕೆ ಮನಸ್ಸು ಬಂದಷ್ಟು ದಿನ.

ಇದನ್ನು ನನಗೆ ಯಾವ ಶಾಲೆಯೂ ಕಲಿಸಲಿಲ್ಲ. ಸವಣೂರಿನ ಪೇಟೆಯಲ್ಲಿ ಖಾರ ಮಾರುವವನೊಬ್ಬ ಪೊಟ್ಟಣ ಕಟ್ಟಲು ರದ್ದಿ ಹರಿಯುತ್ತಿದ್ದ. ಆ ರದ್ದಿಯಲ್ಲಿ ಒಂದು ಮರಾಠಿ ವೈದ್ಯ ಪುಸ್ತಕವಿತ್ತು. ಖಾರ ಬೇಡ, ಪುಸ್ತಕ ಕೊಡು ಎಂದೆ. ಅವನು ನನ್ನನ್ನು ಹುಚ್ಚನನ್ನು ನೋಡಿದಂತೆ ನೋಡಿ ಕೊಟ್ಟ. ಮೊದಲ ಹನ್ನೆರಡು ಪುಟ ಆಗಲೇ ಯಾರ್‍ಯಾರದೋ ಖಾರದ ಜೊತೆ ಹೋಗಿದ್ದವು. ನನ್ನ ವೈದ್ಯಕೀಯ ಶುರುವಾದದ್ದೇ ಹದಿಮೂರನೆಯ ಪುಟದಿಂದ, ರಕ್ತ ನಿಲ್ಲಿಸುವ ಪಟ್ಟಿಯಿಂದ. ವೈದ್ಯ ಹೇಗೆ ನಡೆದುಕೊಳ್ಳಬೇಕು ಎಂಬುದೆಲ್ಲ ಆ ಹನ್ನೆರಡು ಪುಟದಲ್ಲಿ ಇತ್ತೋ ಏನೋ. ಇದ್ದಿದ್ದರೂ ಈಗ ಹೇಳುವ ಸಂಗತಿಗೆ ಅದು ಉಪಯೋಗಕ್ಕೆ ಬರುತ್ತಿರಲಿಲ್ಲ ಎಂದು ನನಗೆ ಗಟ್ಟಿಯಾಗಿ ಅನ್ನಿಸುತ್ತದೆ.

ನಾನು ಬೇಯಿಸಿದ ಶಾವಿಗೆಯ ಎಳೆಯನ್ನು ಬದನೆಕಾಯಿಯೊಳಗೆ ತೂರಿಸಿ, ಕಡ್ಡಿಗೆ ಸುತ್ತಿ ಹೊರಗೆ ತೆಗೆಯುವ ಅಭ್ಯಾಸ ಮಾಡುತ್ತಿದ್ದೆ. ಹರಿಯದೆ ಬಂದರೆ ಪಾಸು. ನಮ್ಮ ಅತ್ತೆ, ಅಪ್ಪನ ಅಕ್ಕ, ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು.

"ಏನೋ ಅದು, ಬದನಿಕಾಯಿಗೆ ಬಾಣಂತನಾ ಮಾಡ್ಲಿಕ್ಕತ್ತೀಯೇನು?"

"ಅಭ್ಯಾಸ, ಅತ್ಯಾ."

"ನಿಮ್ಮಪ್ಪ ಅಮರಕೋಶ ಅಭ್ಯಾಸ ಮಾಡು ಅಂದ್ರ ಶಾವಿಗಿ ಅಭ್ಯಾಸ ಮಾಡ್ತಾನ. ಸಾವಕಾಶ ತಿರುವೋ, ಹರೀತದ!"

ಬೈಯುತ್ತಲೇ ನೋಡುತ್ತಿದ್ದಳು. ನೋಡಿ ಕಲಿಯುತ್ತಿದ್ದಳು ಎಂದು ನನಗೆ ಆಗ ಹೊಳೆಯಲಿಲ್ಲ.

ಅದು ಯುದ್ಧದ ಕಾಲ. ಬಟ್ಟೆಗೂ ಪಡಿ, ಸೀಮೆಎಣ್ಣೆಗೂ ಪಡಿ. ಹಾನಗಲ್ಲಿನಲ್ಲಿ ಒಬ್ಬ ಡಾಕ್ಟರರು ಇದ್ದರು, ಹಳ್ಳಿ ಹಳ್ಳಿ ತಿರುಗಿ ಪುಕ್ಕಟೆ ಔಷಧ ಕೊಡುವವರು. ನಾನು ನನ್ನ ಅರ್ಧ ಪುಸ್ತಕ ಬಗಲಲ್ಲಿ ಇಟ್ಟುಕೊಂಡು ಅವರ ಮುಂದೆ ಹೋಗಿ ನಿಂತೆ. ಎಂಟು ದಿನ ತಮ್ಮ ಹಿಂದೆ ತಿರುಗಿಸಿದರು. ಹೊರಡುವಾಗ ಒಂದು ತಗಡಿನ ಪೆಟ್ಟಿಗೆ ಕೊಟ್ಟರು. ಅದರಲ್ಲಿ ಹತ್ತಿ, ಕತ್ತರಿ, ಒಂದು ಟಿಂಚರ್ ಬಾಟಲಿ, ನಾರು ಹುಣ್ಣಿನ ಬಗ್ಗೆ ಒಂದು ಹಾಳೆ.

"ಎರಡು ಮಾತು ನೆನಪ ಇಡು," ಅಂದರು. "ನೀರು ಕುದಿಸದೇ ಗಾಯ ಮುಟ್ಟಬ್ಯಾಡ. ಮತ್ತ, ರೋಗಿ ಹೇಳಿದ್ದು ರೋಗೀದು. ಅದು ನಿನ್ನ ಬಾಯಿಂದ ಹೊರಗ ಬರಬಾರದು."

"ಹೂಂ ರೀ," ಅಂದೆ. ಪೆಟ್ಟಿಗೆ ಕೈಗೆ ಬಂದ ಖುಷಿಯಲ್ಲಿ ಯಾವುದಕ್ಕಾದರೂ ಹೂಂ ಅನ್ನುತ್ತಿದ್ದೆ.

ನಮ್ಮ ಊರು ಸವಣೂರಿನಿಂದ ಹುಲಗೂರಿಗೆ ಹೋಗುವ ದಾರಿಗೆ ಸ್ವಲ್ಪ ಒಳಗೆ, ಶಿಗ್ಗಾಂವ ತಾಲೂಕಿಗೆ ಸೇರಿದ್ದು. ಕುಡಿಯುವ ನೀರಿಗೆ ಒಂದೇ ಮೆಟ್ಟಿಲು ಬಾವಿ. ಹಗ್ಗ ಇಲ್ಲ, ಬಿಂದಿಗೆ ಇಳಿಬಿಡುವುದಿಲ್ಲ. ಮೆಟ್ಟಿಲಿಳಿದು ಮೊಣಕಾಲ ಮಟ ನೀರಿಗೆ ಹೋಗಿ ಕೊಡ ಮುಳುಗಿಸಿ ತರುವುದು. ಮೂಡಣ ಮೆಟ್ಟಿಲು ನಮ್ಮ ನಾಲ್ಕು ವೈಷ್ಣವ ಮನೆಗಳಿಗೆ. ಪಡುವಣ ಮೆಟ್ಟಿಲು ಒಕ್ಕಲು ಮನೆಯವರಿಗೆ. ಮೆಟ್ಟಿಲು ಎರಡು, ನೀರು ಒಂದು. ಊರ ಹೊರಗಿನ ಕೇರಿಯವರಿಗೆ ಎರಡೂ ಕಡೆ ಇಳಿಯುವ ಹಾಗಿರಲಿಲ್ಲ. ಅವರು ಹಳ್ಳದ ಹರಿಯುವ ನೀರು ಕುಡಿಯುತ್ತಿದ್ದರು. ಅವರಲ್ಲಿ ಒಬ್ಬರಿಗೂ ನಾರು ಇರಲಿಲ್ಲ. ಇದನ್ನು ನಾನು ಬಾಯಿಬಿಟ್ಟು ಹೇಳಿದರೂ ಊರಲ್ಲಿ ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ.

ಹಾನಗಲ್ಲಿನಿಂದ ಬಂದ ಮೂರನೆಯ ದಿನವೇ ನನಗೆ ಮೊದಲ ರೋಗಿ ಸಿಕ್ಕಿದಳು. ಮಧ್ಯಾಹ್ನ ಅಪ್ಪ ಮಲಗಿದ್ದರು. ಅತ್ತೆ ಹಿತ್ತಲಿನ ದನದ ಕೊಟ್ಟಿಗೆಗೆ ಕರೆದಳು. ಬಾಗಿಲು ಮುಂದೆ ಮಾಡಿ, ಕೆಂಪು ಸೀರೆಯ ಅಂಚನ್ನು ನಾಲ್ಕು ಬೆರಳು ಮೇಲೆತ್ತಿದಳು. ಬಲ ಹಿಮ್ಮಡಿಯ ಮೇಲೆ ಅರಿಸಿನ ಮೆತ್ತಿದ ಹುಣ್ಣು. ನಡುವೆ ಬಿಳಿ ದಾರ.

"ಎಷ್ಟು ದಿನಾತು, ಅತ್ಯಾ?"

"ನಾಲ್ಕು ದಿನ. ಮೊದಲು ಆಣಿ ಮಾಡು. ಯಾರ ಮುಂದೂ ಅನ್ನಂಗಿಲ್ಲ. ನಿಮ್ಮಪ್ಪನ ಮುಂದಂತೂ ಅನ್ನಲೇ ಬ್ಯಾಡ."

ಅವಳಿಗೆ ಆ ಮಾತು ಎಷ್ಟು ದೊಡ್ಡದು ಎಂದು ಹೇಳದೆ ಮುಂದೆ ಹೋದರೆ ನಿಮಗೆ ಏನೂ ತಿಳಿಯುವುದಿಲ್ಲ. ಅತ್ತೆ ಹದಿನಾರರಲ್ಲಿ ಗಂಡನನ್ನು ಕಳೆದುಕೊಂಡು ತವರಿಗೆ ಬಂದವಳು. ಮನೆಯಲ್ಲಿ ಅವಳಿಗಿದ್ದ ಜಾಗ ಒಂದೇ, ದೇವರ ಒಲೆಯ ಮುಂದಿನ ಮಣೆ. ಬೆಳಗಿನ ಜಾವ ಬಾವಿಗೆ ಹೋಗಿ, ಇಳಿದು ಮುಳುಗಿ, ಒದ್ದೆ ಸೀರೆಯಲ್ಲೇ ಯಾರನ್ನೂ ಮುಟ್ಟದೆ ಮಡಿನೀರು ತಂದು ನೈವೇದ್ಯದ ಅಡುಗೆ ಮಾಡುವಳು. ಸವಣೂರಿನ ಮಠದಲ್ಲಿ ಆರಾಧನೆ ಬಂದರೆ ಅವಳನ್ನೇ ಕರೆಸುತ್ತಿದ್ದರು. ಸೋರುವ ಹುಣ್ಣು ಇರುವವರು ಮಡಿಗೆ ಬರುವುದಿಲ್ಲ. ಹುಣ್ಣಿನ ಸುದ್ದಿ ಹೊರಬಿದ್ದರೆ ಒಲೆ ಹೋಯಿತು. ಒಲೆ ಹೋದರೆ ಅವಳು ಮನೆಯಲ್ಲಿ ಇನ್ನೊಬ್ಬರ ಅನ್ನ ತಿನ್ನುವ ವಿಧವೆ, ಅಷ್ಟೇ.

ನನಗೆ ಇದೆಲ್ಲ ಗೊತ್ತಿತ್ತು. ಆದರೆ ನಿಜ ಹೇಳುತ್ತೇನೆ, ಆ ಗಳಿಗೆಯಲ್ಲಿ ನನ್ನ ತಲೆಯಲ್ಲಿ ಇದ್ದದ್ದು ಒಂದೇ: ರೋಗಿ ಸಿಕ್ಕಿತು! ಪೆಟ್ಟಿಗೆ ತರಲು ಓಡಿದೆ. "ಆಣೆ, ಆಣೆ," ಎಂದು ಓಡುತ್ತಲೇ ಅಂದೆ.

ಬೆಳಿಗ್ಗೆ ಊರಿನ ಬೇರೆ ಮನೆಗಳ ಕಾಲು ತೊಳೆದು ಬರುವೆ. ದಿನಾ ಮಧ್ಯಾಹ್ನ ಕೊಟ್ಟಿಗೆಯಲ್ಲಿ ಕುದಿಸಿ ಆರಿಸಿದ ನೀರು ಹೊಯ್ಯುವೆ, ಹುಳ ಸ್ವಲ್ಪ ಸಡಿಲಾಗುತ್ತದೆ, ಒಂದು ಬೆರಳಗಲ ಸುತ್ತುವೆ. ಅತ್ತೆ ಹಲ್ಲು ಕಚ್ಚಿಕೊಂಡು ಎಮ್ಮೆಯ ಕಡೆ ನೋಡುತ್ತ ಕೂರುವಳು. ಆರನೆಯ ದಿನ, ಮಾತಿಗೆ ಮಾತು ಬಂದು, "ಹೋದ ವರ್ಷ ಎಡಗಾಲಿಗೆ ಬಂದಿತ್ತು. ಅದನ್ನೂ ಯಾರಿಗೂ ಹೇಳಿದ್ದಿಲ್ಲ," ಅಂದಳು.

"ಆವಾಗೂ ದಿನಾ ಬಾವಿಗೆ ಇಳೀತಿದ್ದಿ?"

"ಇಳೀದ? ದೇವರನ್ನ ಉಪವಾಸ ಕೆಡವಲೇನು?"

ನನ್ನ ಕೈ ನಿಂತಿತು. ಡಾಕ್ಟರರು ಕೊಟ್ಟ ಹಾಳೆಯಲ್ಲಿ ಸ್ಪಷ್ಟವಾಗಿ ಇತ್ತು. ನಾರು ಹುಣ್ಣಿನ ಕಾಲು ನೀರಿಗಿಳಿದರೆ ಹುಳ ತನ್ನ ಮರಿಗಳನ್ನು ನೀರಿಗೆ ಬಿಡುತ್ತದೆ. ಆ ನೀರು ಕುಡಿದವರಿಗೆ ಒಂದು ವರ್ಷಕ್ಕೆ ನಾರು ಏಳುತ್ತದೆ. ಹೋದ ಬೇಸಿಗೆಯ ಅತ್ತೆಯ ಕಾಲು, ಈ ಬೇಸಿಗೆಯ ಊರ ಕಾಲುಗಳು. ಅತ್ತೆಯೊಬ್ಬಳದೇ ಎಂದು ನಾನು ಅನ್ನುವುದಿಲ್ಲ, ಇನ್ನೂ ಯಾರು ಯಾರು ಮುಚ್ಚಿಟ್ಟಿದ್ದರೋ. ಆದರೆ ನನಗೆ ಗೊತ್ತಿದ್ದದ್ದು ಈ ಒಂದು ಕಾಲು.

"ಅತ್ಯಾ, ನಾಳಿಂದ ಇಳೀಬ್ಯಾಡ. ನಾ ತಂದು ಕೊಡ್ತೇನಿ ನೀರು."

"ನೀ ಊರಾಗಿನ ಎಲ್ಲಾ ಜಾತಿ ಕಾಲು ಹಿಡದು ಬಂದಾಂವ. ನೀ ತಂದದ್ದು ಮಡಿ ಆಗ್ತದೇನು?"

"ಹಂಗಾರ ಅರಿವಿ ಕಟ್ಟಿ ಸೋಸು. ಸೋಸಿದ್ರ ನಮ್ಮ ಮನಿಯವರಿಗರೇ ಬರೂದಿಲ್ಲ."

"ಮಡಿನೀರಿಗೆ ನೂಲಿನ ಅರಿವಿ ಹಚ್ಚತಾರೇನೋ? ಒಮ್ಮೆ ಹಚ್ಚಿದ್ರ ಮೈಲಿಗಿ. ಇಳೀದಿದ್ರ ಯಾಕ ಇಳೀಲಿಲ್ಲ ಅಂತ ಕೇಳ್ತಾರ. ನೀ ಸುತ್ತು."

ಸುತ್ತಿದೆ. ಹುಳ ಅರ್ಧ ಒಳಗೆ, ಅರ್ಧ ಹೊರಗೆ. ಈಗ ಅವಳನ್ನು ಸಿಟ್ಟಿಗೆಬ್ಬಿಸಿದರೆ ಕಾಲು ಕೊಡುವುದಿಲ್ಲ. ಕಾಲು ಕೊಡದಿದ್ದರೆ ಹುಳ ಒಳಗೇ ಹರಿದು ಕಾಲು ಹೋದೀತು. ಇದನ್ನೇ ನೆಪ ಮಾಡಿಕೊಂಡು ನಾನು ಐದಾರು ದಿನ ಸುಮ್ಮನಿದ್ದೆ. ಅಷ್ಟು ದಿನವೂ ಅವಳು ಇಳಿದಳು.

ಈ ನಡುವೆ ಊರು ತನ್ನ ತೀರ್ಮಾನಕ್ಕೆ ಬಂದಿತ್ತು. ಒಕ್ಕಲು ಮನೆಯೊಂದಕ್ಕೆ ಹೋದ ವರ್ಷ ಹಿರೇಕೆರೂರು ಕಡೆಯಿಂದ ಸೊಸೆ ಬಂದಿದ್ದಳು. ಅವಳ ಪಾದದ ಗಂಟಿನ ಹತ್ತಿರ ಒಂದು ಹಳೆಯ ಕಲೆ. ಚಿಕ್ಕಂದಿನಲ್ಲಿ ನಾರು ಬಂದು ಹೋದದ್ದು, ಚರ್ಮ ಕೂಡಿ ಹತ್ತು ವರ್ಷವಾಗಿತ್ತು. ಸೊಸೆ ಬಂದಳು, ವರ್ಷಕ್ಕೆ ನಾರು ಎಂದಿಗಿಂತ ಹೆಚ್ಚಾಗಿ ಎದ್ದಿತು. ಊರಿಗೆ ಇನ್ನೇನು ಬೇಕು? ಮೇಲಾಗಿ ಆ ಮನೆಯಲ್ಲಿ ಮಾತ್ರ ಒಬ್ಬರಿಗೂ ನಾರು ಇರಲಿಲ್ಲ. "ಊರಿಗೆಲ್ಲಾ ಹಚ್ಚಿ ತಾವು ಆರಾಮ ಅದಾರ," ಎಂದರು. ಗೌಡರು ಆಕೆಗೆ ಬಾವಿಯ ಮೆಟ್ಟಿಲು ತುಳಿಯಬಾರದು ಎಂದು ಹೇಳಿಸಿದರು. ಬಸುರಿ. ಹಳ್ಳದಿಂದ ಹೊತ್ತು ತರಬೇಕು, ಮುಕ್ಕಾಲು ಹರದಾರಿ. ಬೇಸಿಗೆಯಲ್ಲಿ ಹಳ್ಳವೂ ಅಲ್ಲಲ್ಲಿ ನಿಂತು ಹೋಗಿತ್ತು.

ನಾನು ಅವರ ಮನೆಗೆ ಹೋದೆ. ಕಾಲು ನೋಡುತ್ತೇನೆ ಎಂದೆ. ಅವಳು ಅಂಗಳದಲ್ಲಿ ನೀರಿನ ಹರವಿಯ ಬಾಯಿಗೆ ಬಿಳಿ ಬಟ್ಟೆ ಕಟ್ಟಿ ಕೊಡ ಬಗ್ಗಿಸುತ್ತಿದ್ದಳು. ತವರಿನಲ್ಲಿ ಅವಳ ಅಜ್ಜಿ ಕಲಿಸಿದ್ದಂತೆ. ಜೀವ ಇರುವ ನೀರು ಹಾಗೇ ಕುಡಿಯಬಾರದು, ಸೋಸಬೇಕು, ಅದು ಅವರ ಆಚಾರ. ಅವಳ ಮನೆಯವರಿಗೆ ನಾರು ಯಾಕೆ ಬಂದಿಲ್ಲ ಎಂಬುದು ನನ್ನ ಕಣ್ಣ ಮುಂದೆಯೇ ತೊಟ್ಟಿಕ್ಕುತ್ತಿತ್ತು! ನಮ್ಮ ಮನೆಯ ಆಚಾರ ಸೋಸಬಾರದು ಎನ್ನುತ್ತದೆ, ಅವರದು ಸೋಸು ಎನ್ನುತ್ತದೆ. ಅಪರಾಧಿ ಮಾತ್ರ ಅವಳು.

"ಇದನ್ನ ಗೌಡ್ರಿಗೆ ಹೇಳ್ತೇನಿ, ತಂಗಿ," ಅಂದೆ.

"ಹೇಳ್ರಿ ಆಚಾರ್ರ. ನಾ ಬಂದ ವರ್ಷ ನಾರು ಹೆಚ್ಚಾತಂತ. ನಾ ಬಂದ ವರ್ಷ ಮಳೀನೂ ಛಲೋ ಆತು. ಅದನ್ನ ಯಾರೂ ನನ್ನ ಹೆಸರಿಗೆ ಹಚ್ಚಲಿಲ್ಲ."

ಗೌಡರಿಗೆ ಹೇಳಿದೆ. ಅವರು ಎಲೆ ಅಡಿಕೆ ಹಾಕಿಕೊಳ್ಳುತ್ತ ಪೂರ್ತಿ ಕೇಳಿದರು. "ಅರಿವಿಗೆ ಹೆದರಿ ಓಡಿಹೋಗೋ ರೋಗ ಯಾವುದಪಾ ಅದು? ಯುದ್ಧದಾಗ ಉಡಾಕ ಅರಿವಿ ಇಲ್ಲ, ನೀರಿಗೆ ಉಡಿಸು ಅಂತೀಯಲ್ಲ," ಎಂದರು. ಕೂತವರೆಲ್ಲ ನಕ್ಕರು.

ಒಂದು ಸೋಮವಾರ ಬೆಳಿಗ್ಗೆ, ಆಗಷ್ಟೇ ಬೆಳಕು ಹರಿಯುತ್ತಿತ್ತು. ಬಾವಿಯ ಕಡೆಯಿಂದ ಕೂಗಾಟ ಕೇಳಿ ಓಡಿದೆ. ಪಡುವಣ ಮೆಟ್ಟಿಲ ಮೇಲ್ತುದಿಯಲ್ಲಿ ಆ ಬಸುರಿ ಹುಡುಗಿ ಖಾಲಿ ಕೊಡ ಪಕ್ಕಕ್ಕಿಟ್ಟುಕೊಂಡು ಕೂತಿದ್ದಳು. ಹಿಂದಿನ ದಿನ ಹಳ್ಳದ ದಾರಿಯಲ್ಲಿ ತಲೆಸುತ್ತು ಬಂದು ಬಿದ್ದಿದ್ದಳಂತೆ. ಇನ್ನು ಹಳ್ಳಕ್ಕೆ ಹೋಗುವುದಿಲ್ಲ ಎಂದು ಇಲ್ಲಿಗೆ ಬಂದಿದ್ದಳು. ಗೌಡರು ಎದುರಿಗೆ, ಸುತ್ತ ಹತ್ತಿಪ್ಪತ್ತು ಜನ. ಮೂಡಣ ಮೆಟ್ಟಿಲ ಕೆಳಗೆ ನೀರಿನಲ್ಲಿ ನಮ್ಮ ಅತ್ತೆ. ಮುಳುಗಿ ಎದ್ದು, ಕೊಡ ತುಂಬಿಕೊಂಡು, ಈ ಗದ್ದಲದಲ್ಲಿ ಯಾರಾದರೂ ಮುಟ್ಟಿಯಾರೆಂದು ಅಲ್ಲೇ ನಿಂತಿದ್ದಳು.

"ಏಳವಾ. ನೀ ಎದ್ದು ಹೋಗೂತನಕಾ ಯಾರೂ ನೀರು ತುಂಬಂಗಿಲ್ಲ," ಎಂದರು ಗೌಡರು.

"ನನ್ನ ಕಾಲಾಗ ಏನೈತಿ, ಹೇಳ್ರಿ."

"ಅದನ್ನ ನೀನ ತೋರಸು."

"ತೋರಸ್ತೇನಿ. ಒಬ್ಬಾಕಿನ ಯಾಕ ತೋರಸ್ಲಿ? ಈ ನೀರಿಗೆ ಇಳಿಯೋ ಎಲ್ಲಾರೂ ತೋರಸ್ರಿ. ಎಲ್ಲಾರ ಕಡೀಕೆ ನಂದು."

ಒಬ್ಬ ರೈತ ಕಾಲೆತ್ತಿ ಕುಂಟಿಕೊಂಡು ಮುಂದೆ ಬಂದ. "ನೋಡ್ರೆಪಾ, ಲಗ್ನಕ್ಕ ಹೆಣ್ಣು ನೋಡಿದಂಗ ನೋಡ್ರಿ. ನನ್ನ ಕಾಲು ಛಂದ ಐತಿ!" ಜನ ನಕ್ಕರು. ಅವಳು ನಗಲಿಲ್ಲ. ನನ್ನ ಕಡೆ ತಿರುಗಿದಳು.

"ಆಚಾರ್ರ, ನೀವು ಊರಾಗಿನ ಕಾಲೆಲ್ಲಾ ತೊಳದೀರಿ. ನನ್ನ ಕಾಲು ನೋಡೀರಿ. ನನ್ನ ಕಾಲಾಗ ನಾರು ಐತೇನು?"

"ಇಲ್ಲ," ಅಂದೆ. "ಹತ್ತು ವರ್ಷದ ಹಳೇ ಕಲೆ ಅದು. ಅದರಾಗಿಂದ ಏನೂ ಬರೂದಿಲ್ಲ."

"ಹಂಗಾರ ಯಾರ ಕಾಲಾಗಿಂದ ಬಂತಪಾ?" ಗೌಡರು ಕೇಳಿದರು. "ಗೊತ್ತಿದ್ರ ಹೇಳು. ಇಲ್ಲಾಂದ್ರ ಸುಮ್ನಿರು. ಒಕ್ಕಲು ಮನಿ ಒಂದೊಂದ ಕಾಲು ನೋಡೂಣು. ನಿಮ್ಮ ಮನಿ ಮಾತು ಬಿಡು, ನಿಮ್ಮದು ಮಡಿ."

ಅಲ್ಲಿ ಇತ್ತು ನನ್ನ ಪಾರಾಗುವ ಬಾಗಿಲು. ಗೌಡರೇ ತೆಗೆದು ಹಿಡಿದಿದ್ದರು. ನಾನು ಸುಮ್ಮನೆ ತಲೆಯಾಡಿಸಿದ್ದರೆ ಸಾಕಿತ್ತು, ಆಣೆಯೂ ಉಳಿಯುತ್ತಿತ್ತು, ಡಾಕ್ಟರರ ಮಾತೂ ಉಳಿಯುತ್ತಿತ್ತು, ಅತ್ತೆಯ ಒಲೆಯೂ. ಉಳಿಯದೇ ಇರುತ್ತಿದ್ದದ್ದು ಆ ಹುಡುಗಿಯ ನೀರು ಮಾತ್ರ. ನಮ್ಮ ಮನೆಯನ್ನು ಅವರು ನೋಡದೆಯೇ ಬಿಟ್ಟ ರೀತಿಯೇ ನನ್ನ ಮೈ ಉರಿಸಿತು. ಎಷ್ಟು ಸುಲಭವಾಗಿ, ಎಷ್ಟು ಗೌರವದಿಂದ!

"ನಮ್ಮ ಮನಿಯಾಗ ಅದ," ಅಂದೆ.

"ಏನದ?"

"ನಾರು. ನಮ್ಮ ಮನಿಯಾಗ ಒಬ್ಬರ ಕಾಲಾಗ ಈಗ ನಾರು ಅದ. ಹನ್ನೆರಡು ದಿನದಿಂದ ನಾನ ಸುತ್ತಲಿಕ್ಕತ್ತೇನಿ. ಹೋದ ವರ್ಷನೂ ಇತ್ತು. ಆ ಕಾಲು ದಿನಾ ಈ ನೀರಿಗೆ ಇಳೀತದ."

ಹೆಸರು ಹೇಳಲಿಲ್ಲ. ಹೇಳುವ ಅಗತ್ಯವೇ ಇರಲಿಲ್ಲ. ನಮ್ಮ ಮನೆಯಿಂದ ದಿನಾ ಆ ನೀರಿಗೆ ಇಳಿಯುವ ಕಾಲು ಯಾವುದು ಎಂದು ಊರಿನ ಮಕ್ಕಳಿಗೂ ಗೊತ್ತಿತ್ತು. ಎಲ್ಲರ ಕಣ್ಣು ಮೂಡಣ ಮೆಟ್ಟಿಲ ಕೆಳಗೆ ಹೋಯಿತು.

ಅತ್ತೆ ಅವಸರ ಮಾಡಲಿಲ್ಲ. ಒಂದೊಂದೇ ಮೆಟ್ಟಿಲು ಹತ್ತಿದಳು. ನಡುವಿನ ಮೆಟ್ಟಿಲಲ್ಲಿ ನಿಂತು, ತುಂಬಿದ ಕೊಡವನ್ನು ಸೊಂಟದಿಂದ ಇಳಿಸಿ, ಮಗುಚಿದಳು. ನೀರು ಮೆಟ್ಟಿಲ ಮೇಲೆ ಹರಿದು ಬಾವಿಗೇ ಹೋಯಿತು. ಖಾಲಿ ಕೊಡ ಹಿಡಿದು, ಯಾರ ಮುಖವನ್ನೂ ನೋಡದೆ, ನನ್ನ ಪಕ್ಕದಿಂದಲೇ ಮನೆಗೆ ನಡೆದಳು. ಕಾಲು ಎಳೆಯುತ್ತಿದ್ದಳು. ಅಷ್ಟು ದಿನ ನೋವು ನುಂಗಿ ನೆಟ್ಟಗೆ ನಡೆಯುತ್ತಿದ್ದವಳು ಅಂದು ಎಲ್ಲರೆದುರು ಎಳೆದಳು. ಬೇಕೆಂದೇ ಎಳೆದಳು ಎಂದು ನಾನು ಈಗಲೂ ನಂಬುತ್ತೇನೆ.

ಗೌಡರು ತಲೆಯ ರುಮಾಲು ಸರಿಮಾಡಿಕೊಂಡು, "ತುಂಬಿಕೊಳ್ಳವಾ," ಎಂದು ಆ ಹುಡುಗಿಗೆ ಅಂದು ಹೊರಟುಹೋದರು. ತಪ್ಪಾಯಿತು ಅನ್ನಲಿಲ್ಲ.

ಅವಳು ತುಂಬಿಕೊಂಡು ಮೇಲೆ ಬಂದಳು. ಅವಳಿಂದ ಒಂದು ಒಳ್ಳೆಯ ಮಾತು ಬರುತ್ತದೆ ಎಂದು ನಿಂತಿದ್ದೆ, ಮುಚ್ಚಿಡುವುದೇನು!

"ನಿಮ್ಮ ಅತ್ತೀನ್ನ ತೋರಸ್ರಿ ಅಂತ ನಾ ಅಂದಿದ್ದಿಲ್ರಿ," ಅಂದಳು. "ನನ್ನ ಕಾಲು ಸ್ವಚ್ಛ ಐತಿ ಅನ್ರಿ ಅಂದಿದ್ದೆ, ಅಷ್ಟ."

"ಅಷ್ಟ ಅಂದಿದ್ರ ನಂಬತಿದ್ರೇನು ತಂಗಿ?"

"ಇಲ್ಲ," ಅಂದಳು. ಕೊಡ ತಲೆಗೇರಿಸಿಕೊಂಡು ಹೋದಳು.

ಮನೆಗೆ ಬಂದರೆ ಅಪ್ಪ ಜಗುಲಿಯಲ್ಲಿ ಕೂತಿದ್ದರು. ಸುದ್ದಿ ನನಗಿಂತ ಮೊದಲೇ ಬಂದಿತ್ತು. "ಮನಿ ಮಾತು ಬಾವಿಗೆ ಒಯ್ದಿ," ಅಂದರು. "ಬಾವೀದು ಮನಿಗೆ ಬಂದಿತ್ತಲ್ಲ, ಅದಕ್ಕ ಒಯ್ದೆ," ಅಂದೆ. ಜೀವಮಾನದಲ್ಲಿ ಅಪ್ಪನಿಗೆ ಎದುರಾಡಿದ್ದು ಅದೇ ಮೊದಲು. ಅವರು ಎದ್ದು ಒಳಗೆ ಹೋದರು. ಅಂದಿನಿಂದ ಒಲೆಯ ಮುಂದೆ ಅವ್ವ ಕೂತಳು.

ಮಧ್ಯಾಹ್ನ ಪೆಟ್ಟಿಗೆ ಹಿಡಿದು ಕೊಟ್ಟಿಗೆಗೆ ಹೋದೆ. ಅತ್ತೆ ಅಲ್ಲೇ ಇದ್ದಳು, ಕಡ್ಡಿ ಕಾಲಿಗೆ ಕಟ್ಟಿಯೇ ಇತ್ತು.

"ಮುಟ್ಟಬ್ಯಾಡ."

"ಅತ್ಯಾ, ಬಯ್ಯಿ, ಹೊಡಿ. ಆದ್ರ ಕಾಲು ಕೊಡು. ಹರೀತಂದ್ರ—"

"ಹರೀಲಿ. ನನ್ನ ಕಾಲು, ನಾ ನೋಡ್ಕೋತೇನಿ. ನೀ ಊರು ನೋಡ್ಕೋ."

ಎರಡು ದಿನ ಕೊಟ್ಟಿಗೆಯ ಬಾಗಿಲಲ್ಲೇ ನಿಂತೆ. ಬಿಸಿನೀರಿನ ಪಾತ್ರೆ ಇಟ್ಟು ಬಂದೆ. ಹತ್ತಿ ಇಟ್ಟು ಬಂದೆ. ಒಳಗಿನಿಂದ ಬಾಗಿಲಿಗೆ ಅಗಳಿ ಬಿತ್ತು. ಕಾಲು ಬಾತು ಅವಳು ಹೋಗಿಬಿಟ್ಟರೆ ಕೊಂದವನು ನಾನೇ, ಹುಳವಲ್ಲ. ಅದನ್ನು ತಿಳಿದೇ ಬಾಯಿಬಿಟ್ಟಿದ್ದೆ. ಮರೆತು ಆಡಿದ್ದಲ್ಲ, ಸಿಟ್ಟಿನಲ್ಲಿ ಜಾರಿದ್ದಲ್ಲ. ಇದನ್ನು ಇಲ್ಲಿ ಬರೆಯುವುದು ಕ್ಷಮೆಗಾಗಿ ಅಲ್ಲ, ಲೆಕ್ಕ ತಪ್ಪಬಾರದೆಂದು.

ಮೂರನೆಯ ದಿನ ಸುಮ್ಮನೆ ಕೂರಲಾರದೆ, ಆ ಹುಡುಗಿಯ ಗಂಡ ಮತ್ತು ಮೈದುನನ ಜೊತೆ ಸೇರಿ ಬಾವಿಯ ಎರಡೂ ಮೆಟ್ಟಿಲಿಗೆ ಜಾಲಿಮುಳ್ಳು ಒಟ್ಟಿದೆ. ಶಿಗ್ಗಾಂವಿನ ಸಂತೆಯಿಂದ ಹಳೆಯ ರಾಟೆ ತಂದು ದಂಡೆಯ ಮೇಲೆ ಎರಡು ಕಂಬ ನೆಟ್ಟು ಕಟ್ಟಿದೆವು. ಇನ್ನು ಯಾರ ಕಾಲೂ ನೀರಿಗಿಲ್ಲ. ಊರು ಗುಡುಗಿತು. ಎರಡು ಸಲ ಮುಳ್ಳು ಕಿತ್ತು ಎಸೆದರು, ಎರಡು ಸಲವೂ ಮತ್ತೆ ಒಟ್ಟಿದೆವು. ಮೂರನೆಯ ಸಲ ಕೀಳಲು ಬಂದವನ ಕಾಲಿಗೇ ನಾರು ಎದ್ದಿತ್ತು. ಅವನನ್ನು ಅಲ್ಲೇ ಕೂರಿಸಿ ಕಡ್ಡಿ ಕಟ್ಟಿದೆ, ಆಮೇಲೆ ಅವನು ಮುಳ್ಳಿನ ಸುದ್ದಿಗೆ ಬರಲಿಲ್ಲ. ಆ ಹಗ್ಗವನ್ನು ಕೇರಿಯವರೂ ಹಿಡಿಯಬಹುದೇ ಎಂಬ ಜಗಳ ಮಾತ್ರ ಇನ್ನೂ ನಡೆದಿದೆ. ನಾನು ಯಾವ ಕಡೆ ಎಂದು ಊರಿಗೆ ಗೊತ್ತು.

ಆದರೆ ಇನ್ನೊಂದೂ ಆಯಿತು. ನನ್ನ ಹತ್ತಿರ ಬರುತ್ತಿದ್ದ ಮೂವರು ಬರುವುದನ್ನು ಬಿಟ್ಟರು. ಅವರಲ್ಲಿ ಒಬ್ಬಳು ಬಾಣಂತಿ. ದಾರಿಯಲ್ಲಿ ನನ್ನನ್ನು ಕಂಡರೆ ಸೆರಗು ಪಾದದವರೆಗೆ ಇಳಿಬಿಟ್ಟುಕೊಳ್ಳುತ್ತಿದ್ದಳು.

ಹಾನಗಲ್ಲಿಗೆ ಹೋಗಿ ಡಾಕ್ಟರರಿಗೆ ಎಲ್ಲವನ್ನೂ ಹೇಳಿದೆ. ಅವರು ಕೂಗಾಡಲಿಲ್ಲ. ಅದೇ ಕಷ್ಟವಾಯಿತು.

"ಒಂದು ಕಾಲು ತೋರಿಸಿ ಹತ್ತು ಕಾಲು ಮುಚ್ಚಿಸಿದಿ. ಮುಂದಿನ ವರ್ಷ ನಿನಗ ಯಾರು ತೋರಸ್ತಾರ?"

"ಹಂಗಾರ ಆ ಬಸುರೀನ್ನ ಹಳ್ಳಕ್ಕ ಕಳಸಬೇಕಾಗಿತ್ತೇನ್ರಿ?"

"ಅದನ್ನ ನಾ ಹೇಳಲಿಲ್ಲ. ನೀ ತಪ್ಪು ಮಾಡಿದಿ ಅಂತ ಹೇಳಿದೆ. ಎರಡೂ ಖರೇ ಇರ್ತಾವ."

"ಪೆಟ್ಟಿಗಿ ವಾಪಸ್ ಬೇಕೇನ್ರಿ?"

"ಕೇಳಿದ್ರ ಕೊಡ್ತೀಯೇನು?"

"ಇಲ್ರಿ."

"ಮತ್ಯಾಕ ಕೇಳ್ತೀ," ಎಂದು ಇನ್ನೊಂದು ಟಿಂಚರ್ ಬಾಟಲಿ ಮುಂದೆ ತಳ್ಳಿದರು.

ವಾಪಸು ಬಂದ ದಿನ ಮಧ್ಯಾಹ್ನ ಪೆಟ್ಟಿಗೆಯನ್ನು ಜಗುಲಿಯ ಮೇಲಿಟ್ಟು ಕೈಕಾಲು ತೊಳೆಯಲು ಹೋದೆ. ಬಂದು ನೋಡಿದರೆ ಪೆಟ್ಟಿಗೆಯ ಮುಚ್ಚಳದ ಮೇಲೆ ಒಂದು ಕಸಬರಿಗೆ ಕಡ್ಡಿ. ಅದರ ತುಂಬ ಒಣಗಿದ ನಾರು, ಸಾಲಾಗಿ, ಒಂದರ ಪಕ್ಕಕ್ಕೆ ಒಂದು ಸುತ್ತು. ನನಗಿಂತ ಒಪ್ಪವಾಗಿ ಸುತ್ತಿದ್ದು. ತುದಿಯ ಬಾಲವೂ ಇತ್ತು. ಪೂರ್ತಿ ಹೊರಗೆ ಬಂದಿತ್ತು.

ಅತ್ತೆ ಕಂಬಕ್ಕೆ ಆತು ನಿಂತಿದ್ದಳು.

"ಎಣಿಸಿ ನೋಡು. ಎಲ್ಲಾ ಬಂದದ. ನಿನ್ನ ಕೈ ಇಲ್ಲದನ ಬಂತು."

"ಶಾವಿಗಿ ನೋಡಿ ಕಲ್ತೇನು, ಅತ್ಯಾ?" ನಗಿಸಲು ನೋಡಿದೆ.

ನಗಲಿಲ್ಲ. "ಹೇಳಾಂವ ಇದ್ದಿ ಅಂದ್ರ ಮೊದಲ ಹೇಳಬೇಕಾಗಿತ್ತು. ನಾ ಕಾಲು ಬಿಚ್ಚತಿದ್ದಿಲ್ಲ."

"ಬಿಚ್ಚದಿದ್ರ ನಿನ್ನ ಕಾಲು ಹೋಗತಿತ್ತು."

"ಹೋಗತಿತ್ತು. ನಾ ಬೇಕಂತ ಕಳಕೋತಿದ್ದೆ. ನೀ ನನ್ನ ಕೇಳಲಾರದ ಕಳದಿ."

ಅವಳು 'ಕಳದಿ' ಎಂದದ್ದು ಕಾಲನ್ನಲ್ಲ. ಅಷ್ಟು ತಿಳಿಯದಷ್ಟು ಹುಂಬ ನಾನಲ್ಲ.

ಹುಣ್ಣು ಮಾಯಿತು. ಪ್ರಾಯಶ್ಚಿತ್ತ ಆಯಿತು, ಪಂಚಗವ್ಯ ಆಯಿತು, ಅತ್ತೆ ಮನೆಯ ಒಲೆಗೆ ಮರಳಿದಳು. ಮಠದಿಂದ ಮಾತ್ರ ಮತ್ತೆ ಕರೆ ಬರಲಿಲ್ಲ. ಈಗ ತನ್ನದೇ ಒಂದು ಹಗ್ಗ ಇಟ್ಟುಕೊಂಡಿದ್ದಾಳೆ, ಅದನ್ನು ಯಾರೂ ಮುಟ್ಟುವ ಹಾಗಿಲ್ಲ. ಒದ್ದೆ ಸೀರೆಯಲ್ಲಿ ಬಾವಿಯ ದಂಡೆಯ ಮೇಲೆ ನಿಂತು ತಾನೇ ಸೇದುತ್ತಾಳೆ. ಸೋಸುವುದಿಲ್ಲ, ಅದು ಅವಳ ಹಟ. ನಾನು ನನ್ನ ಲೋಟದ ನೀರನ್ನು ಅವಳ ಕಣ್ಣೆದುರೇ ಪಂಚೆಯ ಚುಂಗಿನಲ್ಲಿ ಸೋಸಿ ಕುಡಿಯುತ್ತೇನೆ, ಇದು ನನ್ನ ಹಟ. ಊಟಕ್ಕೆ ಬಡಿಸುತ್ತಾಳೆ. ಮಾತು ಬೇಕಾದಷ್ಟಕ್ಕೇ.

ನಾನು ಮಾಡಿದ್ದಕ್ಕೆ ಪಶ್ಚಾತ್ತಾಪವಿಲ್ಲ. ಆ ಮೆಟ್ಟಿಲ ಮೇಲೆ ಇನ್ನೊಮ್ಮೆ ನಿಲ್ಲಿಸಿದರೆ ಇನ್ನೊಮ್ಮೆ ಅದನ್ನೇ ಹೇಳುತ್ತೇನೆ, ಅಷ್ಟೇ ಗಟ್ಟಿಯಾಗಿ. ಕೊಟ್ಟಿಗೆಯಲ್ಲಿ ಓಡುತ್ತ ಓಡುತ್ತ ಇಟ್ಟ ಆಣೆಯನ್ನು ಮಾತ್ರ ಇನ್ನೊಮ್ಮೆ ಇಡುವುದಿಲ್ಲ. ಅದಕ್ಕೆ ಮುಂದಿನ ಬೇಸಿಗೆ ಡಾಕ್ಟರರು ನನ್ನನ್ನು ಹಾನಗಲ್ಲ ಕಡೆಯ ಹಳ್ಳಿಗೆ ಕಳಿಸಿದಾಗ, ಯಾರ ಕಾಲಿಗೂ ಕೈ ಹಾಕುವ ಮೊದಲು ಹೇಳತೊಡಗಿದೆ: "ನೋಡ್ರಿ, ನಿಮ್ಮ ಸುದ್ದಿ ನಾ ಯಾರಿಗೂ ಹೇಳೂದಿಲ್ಲ. ಆದ್ರ ಈ ಕಾಲು ತಗೊಂಡು ಬಾವಿಗೆ ಇಳದ್ರ ಹೇಳ್ತೇನಿ. ನಿಮ್ಮ ತಪ್ಪು ಇನ್ನೊಬ್ಬರ ತಲಿಗೆ ಬಂದ್ರ ಹೇಳ್ತೇನಿ. ಒಪ್ಪಿಗಿ ಇದ್ರ ಬಿಚ್ಚರಿ."

ಮೊದಲ ದಿನ ಇಬ್ಬರು ಎದ್ದು ಹೋದರು. ಒಬ್ಬ ಹೋಗುವಾಗ, "ಔಷಧ ಕೊಡಾಕ ಬಂದಾನೋ ಫೌಜದಾರಕಿ ಮಾಡಾಕ ಬಂದಾನೋ," ಎಂದು ಬೈದ. ನಾನು ಕರೆಯಲಿಲ್ಲ. ಪೆಟ್ಟಿಗೆ ತೆರೆದಿಟ್ಟುಕೊಂಡು, ಕುದಿಸಿದ ನೀರು ಆರಲೆಂದು ಕೂತೇ ಇದ್ದೆ.

ಮಧ್ಯಾಹ್ನದ ಹೊತ್ತಿಗೆ ಒಬ್ಬ ಮುದುಕಿ ಕೋಲು ಊರಿಕೊಂಡು ಬಂದಳು. ನಾನು ನನ್ನ ಪಾಠವನ್ನು ಒಪ್ಪಿಸಿದೆ. ಅವಳು ಪೂರ್ತಿ ಕೇಳಿದಳು, ನಡುವೆ ಎರಡು ಸಲ ಇನ್ನೊಮ್ಮೆ ಹೇಳು ಎಂದಳು. ಆಮೇಲೆ ಕಾಲು ಚಾಚಿದಳು.

"ಬಾವಿಗೆ ನನ್ನ ಸೊಸಿ ಹೋಗಲಿ. ನಾ ಇಳದ್ರ ಹೇಳು, ಹೇಳಬ್ಯಾಡ ಅಂದ್ನೇನು? ಮೊದಲ ಸುತ್ತು ಮಗನ, ಉರಿ ತಡಕೊಳ್ಳಾಕ ಆಗವಲ್ದು."